ದಿನಚರಿಗಳೂ ಅಳಲೆಕಾಯಿ ಪಂಡಿತರೂ

ಕ್ರಿ.ಶ. ೧೬೬೪ನೆಯ ವರ್ಷದ ಕಡೆಯ ದಿವಸ, ಲಂಡನ್ ನಗರದಲ್ಲಿ, ನೌಕಾಖಾತೆಯ ಅಧಿಕಾರಿಯೊಬ್ಬನು ವರ್ಷದ ಲೆಕ್ಕವನ್ನು ಮುಗಿಸಿ ದಿನಚರಿಯನ್ನು ಬರೆಯಲು ಕುಳಿತನು. ಕೈಯಲ್ಲಿ ಹಣ ಬೆಳೆದಿದ್ದಿತು, ದೇಹವೂ ಸ್ವಸ್ಥವಾಗಿದ್ದಿತು. ಹಣ ಹೇಗೆ ಬೆಳೆಯಿತೆಂಬುದು ಅವನಿಗೆ ಚೆನ್ನಾಗಿ ಗೊತ್ತು. ಆರೋಗ್ಯ ಹೇಗೆ ಬಂದಿತೆಂಬುದು ಮಾತ್ರ ಗೊತ್ತಾಗಲಿಲ್ಲ. ಆತನು ಬಹುಕಾಲ ಹೊಟ್ಟೆಶೂಲೆಯಿಂದ ನರಳಿದವನು. ಈಚೆಗೆ ಮೊಲದ ಕಾಲೊಂದನ್ನು ತಾಯಿತದಂತೆ ಮೈಮೇಲೆ ಇಟ್ಟುಕೊಂಡು ತಿರುಗುತ್ತಿದ್ದನು. ಪ್ರತಿದಿನ ಬೆಳಿಗ್ಗೆ ಟರ್ಪೆಂಟೈನಿನ ಗುಳಿಗೆಯೊಂದನ್ನು ನುಂಗುತ್ತಿದ್ದನು. ಬೆನ್ನನ್ನು ತಂಪಾಗಿ ಇಟ್ಟುಕೊಳ್ಳುವ ಅಭ್ಯಾಸವನ್ನೂ ಮಾಡಿಕೊಂಡಿದ್ದನು. ಈ ಮೂರರಲ್ಲಿ ಯಾವುದು ತನ್ನನ್ನು ಕಾಪಾಡಿತೋ, ಅಥವಾ ಮೂರೂ ಕೂಡಿಯೇ ಕಾಪಾಡಿದುವೋ ತಿಳಿಯದೆಂದು ಬರೆದು, ಅಂತೂ ದೇವರ ದಯದಿಂದ ಚೆನ್ನಾಗಿದ್ದೇನೆಂದು ಸಮಾಧಾನಪಟ್ಟುಕೊಂಡನು.

ಈತನ ಹೆಸರು ಸ್ಯಾಮ್ಯುಯಲ್ ಪೀಪ್ಸ್. ಈತನು ಓದುಬರೆಹವಿಲ್ಲದ ಹಳ್ಳಿಗನಲ್ಲ. ಕೇಂಬ್ರಿಜ್ ವಿಶ್ವವಿದ್ಯಾನಿಲಯದ ಪದವೀಧರ. ಇಂಗ್ಲೆಂಡಿನ ಯುದ್ಧನೌಕೆಗಳಿಗೆ ಬೇಕಾದ ಮರ, ಹಗ್ಗ, ಹಾಯಿಬಟ್ಟೆಗಳ ಬೆಲೆಯನ್ನು ಬಿಡಿಗಾಸಿನವರೆಗೆ ಪರೀಕ್ಷಿಸುತ್ತಿದ್ದವನು. ಮೇಲೆ ಹೇಳಿದ ಬರೆಹವಾದ ಒಂದೂವರೆ ತಿಂಗಳಿಗೆ, ಎಂದರೆ ೧೬೬೫ರ ಫೆಬ್ರವರಿಯಲ್ಲಿ, ವಿಜ್ಞಾನಿಗಳ ಪ್ರಸಿದ್ಧ ಸಂಘವಾದ ರಾಯಲ್ ಸೊಸೈಟಿಗೆ ಸದಸ್ಯನಾಗಿ ಆರಿಸಲ್ಪಟ್ಟನು. ಮುಂದೆ ಅದರ ಅಧ್ಯಕ್ಷನೂ ಆದನು. ೧೬೮೭ರಲ್ಲಿ ಪ್ರಕಟವಾದ ನ್ಯೂಟನ್ನನ ಮಹಾಗ್ರಂಥದ ಮುಖಪತ್ರದಲ್ಲಿ, ಅದನ್ನು ಅಚ್ಚುಹಾಕಲು ಅನುಮತಿಯಿತ್ತ ಅಧ್ಯಕ್ಷನೆಂದು ಈತನ ಹೆಸರೇ ಇದೆ. ಅಂಥವನ ಬಳಿಯಲ್ಲಿ ಮೊಲದ ಕಾಲು!

ನಗುವುದು ಸುಲಭ. ಆದರೆ ಇತಿಹಾಸವನ್ನು ಓದುವವನು ನಕ್ಕು ಮುಂದೆ ಹೋಗಲಾಗದು. ವಿವೇಕಿಗಳಾದ ಜನರು ಅಳಲೆಕಾಯಿ ಪಂಡಿತರ ಬಲೆಗೆ ಬಿದ್ದುದು ಹೇಗೆ? ನಿಜವಾದ ವೈದ್ಯಕ್ಕೂ ಸುಳ್ಳು ವೈದ್ಯಕ್ಕೂ ನಡುವೆ ಇರುವ ಗೆರೆಯನ್ನು ಮನುಷ್ಯನು ಕಂಡುಕೊಂಡುದು ಹೇಗೆ? ಈ ಪ್ರಶ್ನೆಗಳಿಗೆ ವೈದ್ಯಗ್ರಂಥಗಳಿಗಿಂತ ಹೆಚ್ಚು ಪ್ರಾಮಾಣಿಕವಾಗಿ ಉತ್ತರ ಕೊಡುವುವು ಹಳೆಯ ದಿನಚರಿಗಳು. ಇಂಗ್ಲೆಂಡಿನಲ್ಲಿ ಹದಿನೇಳನೆಯ ಮತ್ತು ಹದಿನೆಂಟನೆಯ ಶತಮಾನಗಳಲ್ಲಿ ಬರೆದ ಕೆಲವು ದಿನಚರಿಗಳನ್ನು ಮುಂದಿಟ್ಟುಕೊಂಡು ಈ ವಿಷಯವನ್ನು ವಿಚಾರಮಾಡೋಣ.

ದಿನಚರಿಗೆ ಇತಿಹಾಸದ ಆಧಾರಗಳಲ್ಲಿ ಒಂದು ವಿಶೇಷ ಸ್ಥಾನವುಂಟು. ಆತ್ಮಕಥೆಯನ್ನು ಬರೆಯುವವನಿಗೆ ಕಥೆಯ ಕೊನೆ ಗೊತ್ತು. ಆ ಕೊನೆಗೆ ಹೊಂದುವಂತೆ ಮೊದಲನ್ನು ತಿದ್ದುತ್ತಾನೆ. ವೈದ್ಯಗ್ರಂಥವನ್ನು ಬರೆಯುವವನಿಗೆ ತನ್ನ ಸಿದ್ಧಾಂತ ಗೊತ್ತು. ಅದಕ್ಕೆ ಹೊಂದುವ ರೋಗಿಗಳನ್ನು ಆರಿಸಿಕೊಳ್ಳುತ್ತಾನೆ. ದಿನಚರಿಯನ್ನು ಬರೆಯುವವನಿಗಾದರೋ ನಾಳೆ ಏನಾಗುವುದೆಂದು ಗೊತ್ತಿಲ್ಲ. ಇಂದು ಗುಣವಾಯಿತೆಂದು ಬರೆಯುತ್ತಾನೆ. ನಾಳೆ ನೋವು ಮರಳಿದರೆ ಅದನ್ನೂ ಬರೆಯುತ್ತಾನೆ. ಪೀಪ್ಸನ ದಿನಚರಿ ೧೬೬೦ರ ಜನವರಿ ೧ರಿಂದ ೧೬೬೯ರ ಮೇ ೩೧ರವರೆಗೆ ನಡೆಯಿತು. ಅದನ್ನು ಶೀಘ್ರಲಿಪಿಯಲ್ಲಿ ಬರೆದುದರಿಂದ, ಬೇರೆಯವರು ಓದುವರೆಂಬ ಅಂಜಿಕೆಯೂ ಅವನಿಗಿರಲಿಲ್ಲ. ಆ ಆರು ಸಂಪುಟಗಳು ಕೇಂಬ್ರಿಜ್ಜಿನ ಮಾಡ್ಲಿನ್ ಕಾಲೇಜಿನಲ್ಲಿ ಮೌನವಾಗಿ ಕುಳಿತಿದ್ದು, ೧೮೨೫ರಲ್ಲಿ ಮೊದಲಬಾರಿಗೆ ಅಚ್ಚಿನ ಬೆಳಕನ್ನು ಕಂಡುವು. ಅವನ ಸ್ನೇಹಿತನಾದ ಜಾನ್ ಈವ್ಲಿನ್ ಎಂಬ ಶ್ರೀಮಂತ ವಿದ್ವಾಂಸನೂ ದಿನಚರಿಯನ್ನಿಟ್ಟಿದ್ದನು. ಆದರೆ ಆತನು ಅದನ್ನು ಮುಂದೆ ಅಲ್ಲಲ್ಲಿ ತಿದ್ದಿ ಬರೆದುದುಂಟು. ಆದುದರಿಂದ ಒಂದೊಂದು ದಿನಚರಿಯನ್ನೂ ಅದರದರ ಸ್ವಭಾವವನ್ನರಿತು ಓದಬೇಕು.

ಪೀಪ್ಸನ ಮನೆಯಲ್ಲಿ ಮೊಲದ ಕಾಲಿನ ಜೊತೆಗೆ ಇನ್ನೊಂದು ವಸ್ತುವೂ ಇದ್ದಿತು. ಅದೊಂದು ಕಲ್ಲು. ಚಿಕ್ಕಂದಿನಿಂದ ಅವನನ್ನು ಪೀಡಿಸುತ್ತಿದ್ದ ಮೂತ್ರಾಶಯದ ಕಲ್ಲು. ೧೬೫೮ರ ಮಾರ್ಚ್ ೨೬ರಂದು, ಅವನಿಗೆ ಇಪ್ಪತ್ತೈದು ವರ್ಷವಾಗಿದ್ದಾಗ, ಥಾಮಸ್ ಹಾಲಿಯರ್ ಎಂಬ ಶಸ್ತ್ರವೈದ್ಯನು ಅದನ್ನು ಕೊಯ್ದು ತೆಗೆದನು. ನೋವು ತಿಳಿಯದಂತೆ ಮೈಮರೆಸುವ ಔಷಧ ಆ ಕಾಲದಲ್ಲಿಲ್ಲ. ರೋಗಿಯನ್ನು ಕಟ್ಟಿ ಹಿಡಿದುಕೊಂಡೇ ಕೊಯ್ಯಬೇಕು. ಕೊಯ್ದ ಗಾಯ ನಂಜೇರಿ ಸತ್ತವರು ಎಷ್ಟೋ ಮಂದಿ. ಪೀಪ್ಸನು ಬದುಕಿದನು. ಆ ದಿನವನ್ನು ವರ್ಷವರ್ಷವೂ ಬಂಧುಗಳಿಗೆ ಔತಣವಿತ್ತು ಆಚರಿಸಬೇಕೆಂದು ಸಂಕಲ್ಪಿಸಿಕೊಂಡನು; ಕಲ್ಲಿಗೊಂದು ಪೆಟ್ಟಿಗೆಯನ್ನೂ ಮಾಡಿಸಿದನು.

ಈ ಕಲ್ಲು ಇನ್ನೊಂದು ದಿನಚರಿಯಲ್ಲಿಯೂ ಕಾಣಿಸಿಕೊಳ್ಳುತ್ತದೆ. ೧೬೬೯ರ ಜೂನ್ ತಿಂಗಳಿನಲ್ಲಿ ಈವ್ಲಿನ್ನನ ಸೋದರನಾದ ರಿಚರ್ಡನು ಅದೇ ರೋಗದಿಂದ ಬಹಳ ಸಂಕಟಪಡುತ್ತಿದ್ದನು. ಈವ್ಲಿನ್ನನು ಪೀಪ್ಸನನ್ನು ಅವನ ಬಳಿಗೆ ಕರೆದುಕೊಂಡುಹೋದನು. ಟೆನಿಸ್ ಚೆಂಡಿನಷ್ಟು ದಪ್ಪವಾಗಿದ್ದ ಆ ಕಲ್ಲನ್ನು ಪೀಪ್ಸನು ತೆಗೆದು ತೋರಿಸಿ, ನಾನು ತಾಳಿಕೊಂಡೆ, ನೀನೂ ತಾಳಿಕೊಳ್ಳಬಲ್ಲೆ ಎಂದು ಧೈರ್ಯ ಹೇಳಲು ಹೋಗಿದ್ದನು. ರಿಚರ್ಡನಿಗೆ ಕತ್ತಿಗೆ ಮೈಯೊಡ್ಡುವ ಧೈರ್ಯ ಬರಲಿಲ್ಲ. ಮರುವರ್ಷ ೧೬೭೦ರಲ್ಲಿ ಆತನು ತೀರಿಕೊಂಡನು.

ಸುಳ್ಳು ವೈದ್ಯದ ಬಲವೆಲ್ಲ ಎಲ್ಲಿದೆಯೆಂಬುದು ಈ ಎರಡು ವಸ್ತುಗಳಿಂದ ಗೊತ್ತಾಗುತ್ತದೆ. ಆ ಕಾಲದಲ್ಲಿ ನಿಜವಾಗಿ ಗುಣಕೊಡುವ ಚಿಕಿತ್ಸೆಗಳು ಬೆರಳಲ್ಲಿ ಎಣಿಸುವಷ್ಟು. ಅವೂ ಭಯಂಕರ, ಪ್ರಾಣಾಪಾಯಕ್ಕೆಡೆ. ಮೊಲದ ಕಾಲಿನಿಂದ ಯಾರಿಗೂ ನೋವಿಲ್ಲ. ಅಳಲೆಕಾಯಿ ಪಂಡಿತನು ಮಾರುವ ಸರಕು ಮದ್ದಲ್ಲ. ಕತ್ತಿಯಿಂದ ತಪ್ಪಿಸಿಕೊಳ್ಳುವ ಆಸೆ. ಕತ್ತಿಗೆ ಹೆದರಿದವನನ್ನು ದಡ್ಡನೆಂದು ಹೇಳುವ ಅಧಿಕಾರ ನಮಗಿಲ್ಲ.

ಪೀಪ್ಸನು ಮೊಲದ ಕಾಲಿನ ವಿಚಾರವಾಗಿ ೧೬೬೫ರ ಜನವರಿ ೨೦ರಂದು ಮತ್ತೊಂದು ಸಂಗತಿಯನ್ನು ಬರೆದಿದ್ದಾನೆ. ಪರಿಚಿತನೊಬ್ಬನು ಅವನನ್ನು ಕಂಡು, ನಿನ್ನ ಮೊಲದ ಕಾಲಿಗೆ ಗೆಣ್ಣು ಇಲ್ಲ, ಗೆಣ್ಣಿಲ್ಲದ ಕಾಲು ಪ್ರಯೋಜನವಿಲ್ಲ ಎಂದು ಹೇಳಿ ತನ್ನದನ್ನು ತೋರಿಸಿದನು. ಅದನ್ನು ಕೈಗೆ ತೆಗೆದುಕೊಂಡ ಕೂಡಲೇ ಪೀಪ್ಸನ ಹೊಟ್ಟೆಯ ಬಿಗಿ ಸಡಿಲಿ ನೋವು ಹೋಯಿತು. ದಾರಿಯಲ್ಲಿಯೇ ಒಂದು ಮೊಲವನ್ನು ಕೊಂಡುಕೊಂಡು ಮನೆಗೆ ಹೋದನು. ಆದರೆ ಇದನ್ನು ಬರೆಯುವಾಗ, ಮನಸ್ಸಿನ ಕಲ್ಪನೆ ಎಷ್ಟು ವಿಚಿತ್ರವಾಗಿ ಕೆಲಸಮಾಡುತ್ತದೆ ಎಂದೂ ಸೇರಿಸಿದ್ದಾನೆ! ರೋಗದ ನಿಜವಾದ ಕೀಲು ಅವನ ಲೇಖನಿಯ ಮೊನೆಗೆ ಬಂದಿದ್ದಿತು. ಅದನ್ನು ಬರೆದಿಟ್ಟು, ಮೊಲದ ಕಾಲನ್ನೂ ಇಟ್ಟುಕೊಂಡನು. ಅನುಮಾನವೂ ನಂಬಿಕೆಯೂ ಒಂದೇ ಮನೆಯಲ್ಲಿ ಜಗಳವಿಲ್ಲದೆ ಬಾಳುವುದನ್ನು ದಿನಚರಿಯಲ್ಲಲ್ಲದೆ ಬೇರೆಲ್ಲಿ ಕಾಣಬಹುದು?

ಅದೇ ವರ್ಷ ಲಂಡನ್ನಿಗೆ ಪ್ಲೇಗು ಬಂದಿತು. ೧೮೯೮ರಲ್ಲಿ ಬೆಂಗಳೂರಿಗೆ ಆ ಮಾರಿ ಬಂದಾಗ ಊರು ಬಿಟ್ಟು ಬಯಲಿನಲ್ಲಿ ಗುಡಿಸಲು ಹಾಕಿಕೊಂಡವರ ಕಥೆಯನ್ನು ಮನೆಯ ಹಿರಿಯರಿಂದ ಕೇಳಿದವರಿಗೆ ಆ ದಿನಗಳ ಭಯವನ್ನು ವರ್ಣಿಸಬೇಕಾದುದಿಲ್ಲ. ಜೂನ್ ೭ರಂದು ಪೀಪ್ಸನು ಡ್ರೂರಿ ಲೇನ್ ಬೀದಿಯಲ್ಲಿ ಕೆಂಪು ಶಿಲುಬೆಯ ಗುರುತು ಹಾಕಿದ್ದ ಎರಡು ಮೂರು ಮನೆಗಳನ್ನು ಕಂಡನು. ಆ ಬಾಗಿಲುಗಳ ಹಿಂದೆ ರೋಗಿಗಳನ್ನೂ ಅವರ ಮನೆಯವರನ್ನೂ ಕೂಡಿಹಾಕಿದ್ದರು. ಕೂಡಲೇ ಸ್ವಲ್ಪ ಹೊಗೆಸೊಪ್ಪನ್ನು ಕೊಂಡು ಮೂಸಿ, ಅಗಿದು, ಮನಸ್ಸಿನ ಕಳವಳವನ್ನು ಕಳೆದುಕೊಂಡನು. ಜುಲೈಯಲ್ಲಿ ನೌಕಾಖಾತೆಯ ಖಜಾಂಚಿಯ ಪತ್ನಿ ಲೇಡಿ ಕಾರ್ಟರೆಟ್ ಒಂದು ಸೀಸೆ ‘ಪ್ಲೇಗಿನ ನೀರನ್ನು’ ಕೊಟ್ಟಳು. ನಾನಾ ಮೂಲಿಕೆಗಳನ್ನು ಮದ್ಯದಲ್ಲಿ ನೆನೆಹಾಕಿ ಬಟ್ಟಿಯಿಳಿಸಿದ ಪಾನೀಯವದು. ಹೊಸದಾಗಿ ಕೊಂಡಿದ್ದ ಕೃತಕ ಕೇಶವನ್ನು ಸೆಪ್ಟೆಂಬರಿನವರೆಗೆ ತಲೆಗೆ ಹಾಕಿಕೊಳ್ಳಲು ಅನುಮಾನಿಸಿದನು. ಪ್ಲೇಗಿನಿಂದ ಸತ್ತವರ ಕೂದಲನ್ನು ಕತ್ತರಿಸಿ ಮಾಡಿದ್ದರೆ ಗತಿಯೇನು?

ಸುಳ್ಳು ವೈದ್ಯರು ಒಂದು ಕಡೆ, ಸಾಚಾ ವೈದ್ಯರು ಒಂದು ಕಡೆ ಎಂದು ಗೆರೆ ಎಳೆಯಹೊರಟವನಿಗೆ ಈ ವರ್ಷದ ಸಂಗತಿಗಳು ಬಹು ತೊಡಕನ್ನುಂಟುಮಾಡುತ್ತವೆ. ವೈದ್ಯರ ಕಾಲೇಜಿನ ಸದಸ್ಯರಲ್ಲಿ ಅನೇಕರು ಪಟ್ಟಣವನ್ನು ಬಿಟ್ಟು ಓಡಿಹೋದರು. ಪೀಪ್ಸನ ವೈದ್ಯನಾದ ಡಾಕ್ಟರ್ ಬರ್ನೆಟ್ಟನು ಓಡಲಿಲ್ಲ. ತನ್ನ ಮನೆಯಲ್ಲಿ ರೋಗ ಕಾಣಿಸಿಕೊಂಡಾಗ ತಾನೇ ಅದನ್ನು ಹೊರಗೆಡಹಿ, ತಾನೇ ಬಾಗಿಲು ಹಾಕಿಸಿಕೊಂಡು, ನೆರೆಹೊರೆಯವರ ಮೆಚ್ಚಿಕೆಗೆ ಪಾತ್ರನಾದನು. ಆಗಸ್ಟ್ ೨೫ರ ದಿನಚರಿಯಲ್ಲಿ ಅವನ ಮರಣವಾರ್ತೆಯಿದೆ. ನಥೇನಿಯಲ್ ಹಾಡ್ಜಸ್ ಎಂಬ ಇನ್ನೊಬ್ಬ ವೈದ್ಯನೂ ಊರಿನಲ್ಲಿಯೇ ನಿಂತು ರೋಗಿಗಳನ್ನು ನೋಡಿದನು. ಮೃಗಗಳ ಹೊಟ್ಟೆಯಲ್ಲಿ ದೊರೆಯುವ ಬೆಜೋವಾರ್ ಕಲ್ಲು, ಒಂಟಿಕೊಂಬಿನ ಮೃಗದ್ದೆಂದು ಮಾರುತ್ತಿದ್ದ ಕೊಂಬಿನ ಪುಡಿ ಮೊದಲಾದ ಬೆಲೆಬಾಳುವ ಮದ್ದುಗಳಿಂದ ಪ್ರಯೋಜನವಿಲ್ಲವೆಂದು ಸಾರಿದನು. ತಾನು ಮಾತ್ರ ದ್ರಾಕ್ಷಾರಸವನ್ನು ಕುಡಿದು, ಅದೇ ತನ್ನನ್ನು ಕಾಪಾಡಿತೆಂದು ನಂಬಿದನು! ಇಂಥ ಸೇವೆ ಮಾಡಿದವನು ೧೬೮೮ರಲ್ಲಿ ಸಾಲಗಾರರ ಸೆರೆಮನೆಯಲ್ಲಿ ಸತ್ತನು. ಪ್ಲೇಗಿಗೆ ಮದ್ದು ವೈದ್ಯರಲ್ಲಿಯೂ ಇರಲಿಲ್ಲ, ಅಳಲೆಕಾಯಿ ಪಂಡಿತರಲ್ಲಿಯೂ ಇರಲಿಲ್ಲ. ಇದ್ದ ಭೇದವೆಲ್ಲ ಶೀಲದ ಭೇದ, ಜ್ಞಾನದ ಭೇದವಲ್ಲ.

ಇಲ್ಲೊಂದು ಎಚ್ಚರಿಕೆಯ ಮಾತು. ಲಂಡನ್ನಿನ ಪ್ಲೇಗನ್ನು ಕುರಿತು ಎಲ್ಲರೂ ಓದುವ ಪುಸ್ತಕ ಡೇನಿಯಲ್ ಡಿಫೋ ಬರೆದ ‘ಪ್ಲೇಗು ವರ್ಷದ ದಿನಚರಿ’. ಹೆಸರು ದಿನಚರಿಯೆಂದಿದ್ದರೂ ಅದು ದಿನಚರಿಯಲ್ಲ. ಅದು ಅಚ್ಚಾದುದು ೧೭೨೨ರಲ್ಲಿ. ಪ್ಲೇಗಿನ ವರ್ಷದಲ್ಲಿ ಡಿಫೋ ಐದು ವರ್ಷದ ಮಗು. ಹಳೆಯ ಕಾಗದಪತ್ರಗಳನ್ನು ಕೂಡಿಸಿ ಆತನು ಕಟ್ಟಿದ ಕಥೆಯದು. ಆದರೂ ಸುಳ್ಳು ವೈದ್ಯರ ಕೈಚಳಕವನ್ನು ಅವನಷ್ಟು ಬಲ್ಲವರು ವಿರಳ. ಬಡವರಿಗೆ ಧರ್ಮಾರ್ಥವಾಗಿ ಸಲಹೆ ಕೊಡುವೆನೆಂದು ಭಿತ್ತಿಪತ್ರ ಹಚ್ಚಿದ ಒಬ್ಬ ಪಂಡಿತನನ್ನು ಆತನು ಚಿತ್ರಿಸಿದ್ದಾನೆ. ಬಡ ಹೆಂಗಸೊಬ್ಬಳು ಹೋದರೆ ಪಂಡಿತನು ಕೊಟ್ಟ ಸಲಹೆಯೆಂದರೆ, ತನ್ನ ಮದ್ದನ್ನು ಹಣ ಕೊಟ್ಟು ಕೊಂಡುಕೋ ಎಂಬುದೇ! ಸಲಹೆ ಧರ್ಮಕ್ಕೆ, ಮದ್ದು ದುಡ್ಡಿಗೆ. ಆಕೆ ಅವನ ಬಾಗಿಲಲ್ಲಿ ನಿಂತು, ಬರುವವರಿಗೆಲ್ಲ ಈ ಕಥೆಯನ್ನು ಹೇಳತೊಡಗಿದಳು. ವ್ಯಾಪಾರ ಕೆಡುವುದೆಂದು ಹೆದರಿದ ಪಂಡಿತನು ಅವಳಿಗೆ ಮದ್ದನ್ನೂ ಪುಕ್ಕಟೆಯಾಗಿ ಕೊಟ್ಟು ಕಳುಹಿಸಬೇಕಾಯಿತು. ಇದನ್ನು ಕಥೆಯೆಂದು ತಿಳಿದು ಓದಬೇಕು. ಪೀಪ್ಸನ ಹೊಗೆಸೊಪ್ಪನ್ನು ಸಾಕ್ಷ್ಯವೆಂದು ತಿಳಿದು ಓದಬೇಕು.

ಬಡವರನ್ನು ಬಿಟ್ಟು ಅರಮನೆಗೆ ಬಂದರೆ ಅಲ್ಲಿಯೂ ಇದೇ ನೋಟ. ಗಂಡಮಾಲೆಯ ರೋಗವನ್ನು ಇಂಗ್ಲೆಂಡಿನಲ್ಲಿ ‘ದೊರೆಯ ವ್ಯಾಧಿ’ಯೆಂದು ಕರೆಯುತ್ತಿದ್ದರು, ಪಟ್ಟಾಭಿಷಿಕ್ತನಾದ ದೊರೆ ಮುಟ್ಟಿದರೆ ಅದು ವಾಸಿಯಾಗುವುದೆಂಬ ನಂಬಿಕೆಯಿದ್ದಿತು. ೧೬೬೦ರ ಜುಲೈ ೬ರಂದು ಎರಡನೆಯ ಚಾರ್ಲ್ಸ್ ದೊರೆ ರೋಗಿಗಳನ್ನು ಮುಟ್ಟಿ, ಅವರ ಕೊರಳಿಗೆ ಚಿನ್ನದ ನಾಣ್ಯಗಳನ್ನು ಹಾಕಿದುದನ್ನು ಈವ್ಲಿನ್ನನು ವಿವರವಾಗಿ ವರ್ಣಿಸಿದ್ದಾನೆ. ಆ ದೊರೆ ತನ್ನ ಆಳ್ವಿಕೆಯಲ್ಲಿ ತೊಂಬತ್ತು ಸಾವಿರಕ್ಕೂ ಹೆಚ್ಚು ಮಂದಿಯನ್ನು ಹೀಗೆ ಮುಟ್ಟಿದನೆಂದು ಲೆಕ್ಕವಿದೆ. ೧೬೮೪ರ ಮಾರ್ಚ್ ೨೮ರ ಬರೆಹ ಮಾತ್ರ ಬೇರೆ ಬಗೆಯದು. ಅಂದು ಚೀಟಿಗಳನ್ನು ಪಡೆಯುವುದಕ್ಕಾಗಿ ಮಕ್ಕಳನ್ನೆತ್ತಿಕೊಂಡು ಬಂದ ಜನಸಂದಣಿಯಲ್ಲಿ, ಅರಮನೆಯ ಶಸ್ತ್ರವೈದ್ಯನ ಬಾಗಿಲಲ್ಲಿಯೇ ಆರೇಳು ಮಂದಿ ನಸುಕಿ ಸತ್ತರು. ದೊರೆಯ ಸ್ಪರ್ಶದಿಂದ ಸತ್ತವರು ಯಾರೂ ಇಲ್ಲದಿರಬಹುದು. ಅದರ ಆಸೆಯಿಂದ ಸತ್ತವರಿದ್ದರು. ಮುಂದೆ ನಿಘಂಟುಕಾರನೆಂದು ಪ್ರಸಿದ್ಧನಾದ ಸ್ಯಾಮ್ಯುಯಲ್ ಜಾನ್ಸನ್ನನನ್ನೂ ೧೭೧೨ರಲ್ಲಿ, ಎರಡೂವರೆ ವರ್ಷದ ಕೂಸಾಗಿದ್ದಾಗ, ಆನ್ ರಾಣಿಯ ಬಳಿಗೆ ಎತ್ತಿಕೊಂಡುಹೋಗಿದ್ದರು. ರೋಗ ವಾಸಿಯಾಗಲಿಲ್ಲ, ರಾಣಿ ಹಾಕಿದ ನಾಣ್ಯವನ್ನು ಮಾತ್ರ ಆತನು ಜೀವಮಾನವೆಲ್ಲ ಧರಿಸಿದ್ದನು.

ಮುಟ್ಟಿ ಗುಣಪಡಿಸುತ್ತಿದ್ದ ಆ ಚಾರ್ಲ್ಸ್ ದೊರೆ ತಾನೇ ೧೬೮೫ರ ಫೆಬ್ರವರಿ ೨ರಂದು ಹಠಾತ್ತಾಗಿ ಬಿದ್ದನು. ದೇಶದ ಅತ್ಯುತ್ತಮ ವೈದ್ಯರು ಹತ್ತಾರು ಮಂದಿ ಬಂದು ಸೇರಿದರು. ರಕ್ತವನ್ನು ತೆಗೆದರು, ವಾಂತಿ ಭೇದಿ ಮಾಡಿಸಿದರು, ತಲೆ ಬೋಳಿಸಿ ಬೊಬ್ಬೆಯೇಳುವ ಲೇಪ ಹಚ್ಚಿದರು, ಮನುಷ್ಯನ ತಲೆಬುರುಡೆಯಿಂದ ಇಳಿಸಿದ ದ್ರಾವಕವನ್ನೂ ಬೆಜೋವಾರ್ ಕಲ್ಲನ್ನೂ ಕೊಟ್ಟರು. ದೊರೆ ೬ರಂದು ತೀರಿಕೊಂಡನು. ಸಂತೆಯಲ್ಲಿ ನಿಂತು ತಲೆಬುರುಡೆಯ ದ್ರಾವಕವನ್ನು ಮಾರಿದರೆ ಅಳಲೆಕಾಯಿ ಪಂಡಿತ. ಅರಮನೆಯಲ್ಲಿ ಅದನ್ನೇ ಕೊಟ್ಟರೆ ರಾಜವೈದ್ಯ. ೧೫೧೮ರಲ್ಲಿ ಸ್ಥಾಪಿತವಾದ ವೈದ್ಯರ ಕಾಲೇಜು ಕೊಡುತ್ತಿದ್ದುದು ಸನ್ನದು. ಸನ್ನದಿನಿಂದ ಅಧಿಕಾರ ಬರುತ್ತಿದ್ದಿತೇ ಹೊರತು ಮದ್ದಿಗೆ ಗುಣ ಬರುತ್ತಿರಲಿಲ್ಲ.

ಹದಿನೆಂಟನೆಯ ಶತಮಾನದಲ್ಲಿ ವೃತ್ತಪತ್ರಿಕೆಗಳು ಹೆಚ್ಚಿದುವು. ಅವುಗಳೊಡನೆ ಔಷಧಗಳ ಜಾಹೀರಾತುಗಳೂ ಹೆಚ್ಚಿದುವು. ಜಾಹೀರಾತಿನ ಪ್ರಾಣ ಗುಣಹೊಂದಿದವರ ಯೋಗ್ಯತಾಪತ್ರ. ಜೊಯಾನಾ ಸ್ಟೀಫನ್ಸ್ ಎಂಬಾಕೆ, ಮೂತ್ರಾಶಯದ ಕಲ್ಲನ್ನು ಕತ್ತಿಯಿಲ್ಲದೆ ಕರಗಿಸುವ ಮದ್ದು ತನ್ನಲ್ಲಿದೆಯೆಂದು ಹೇಳಿಕೊಂಡಳು. ಗುಣವಾಯಿತೆಂದು ಸಾಕ್ಷಿ ಹೇಳಲು ರೋಗಿಗಳೂ ಸಿಕ್ಕಿದರು. ೧೭೩೯ರಲ್ಲಿ ಇಂಗ್ಲೆಂಡಿನ ಪಾರ್ಲಿಮೆಂಟು ಆ ಗುಟ್ಟಿಗಾಗಿ ೫೦೦೦ ಪೌಂಡುಗಳನ್ನು ಕೊಡಲು ಶಾಸನ ಮಾಡಿತು! ಗುಟ್ಟು ಹೊರಬಿದ್ದಾಗ ಕಂಡುಬಂದುದು, ಸುಟ್ಟ ಮೊಟ್ಟೆಯ ಚಿಪ್ಪು, ಬಸವನಹುಳು, ಸಾಬೂನು, ಜೇನುತುಪ್ಪ ಮತ್ತು ಕೆಲವು ಸೊಪ್ಪುಗಳು. ಪಾರ್ಲಿಮೆಂಟಿನ ಸದಸ್ಯರು ಮೂಢರಾಗಿರಲಿಲ್ಲ. ಅವರಲ್ಲಿ ಕಲ್ಲಿನ ರೋಗಿಗಳೂ ಇದ್ದರು, ಕತ್ತಿಯನ್ನು ನೆನೆದು ನಡುಗುವವರೂ ಇದ್ದರು.

ಇಂಥ ಯೋಗ್ಯತಾಪತ್ರಗಳ ಮರ್ಮವನ್ನು ಬಿಡಿಸಿ ತೋರಿಸುವವನು ಜೇಮ್ಸ್ ವುಡ್‌ಫರ್ಡ್ ಎಂಬ ಪಾದ್ರಿ. ನಾರ್‌ಫೋಕ್ ಪ್ರಾಂತದ ವೆಸ್ಟನ್ ಎಂಬ ಹಳ್ಳಿಯಲ್ಲಿದ್ದ ಈತನು ನಾಲ್ವತ್ತು ವರ್ಷಕ್ಕೂ ಮಿಗಿಲಾಗಿ ದಿನಚರಿಯನ್ನು ಬರೆದನು. ಊಟದ ವಿವರಗಳನ್ನು ಬರೆಯುವುದರಲ್ಲಿ ಅವನನ್ನು ಮೀರಿಸಿದವರಿಲ್ಲ. ೧೭೭೬ರಲ್ಲಿ ಹಲ್ಲುನೋವು ತಾಳಲಾರದೆ, ಕುದುರೆಗೆ ಲಾಳ ಕಟ್ಟುವವನನ್ನು ಕರೆಸಿ ಹಲ್ಲು ಕೀಳಿಸಿಕೊಂಡನು. ಆತನು ಒಸಡನ್ನು ಹರಿದು, ಹಲ್ಲಿನ ಬೇರನ್ನು ಮುರಿದನು. ಪಾದ್ರಿ ಅವನಿಗೆ ಎರಡೂವರೆ ಷಿಲಿಂಗು ಕೊಟ್ಟು, ಪಾಪ, ಮುದುಕನಿಗೆ ಕಣ್ಣು ಸರಿಯಾಗಿ ಕಾಣದು ಎಂದು ಬರೆದುಕೊಂಡನು.

೧೭೯೧ರ ಮಾರ್ಚಿಯಲ್ಲಿ ವುಡ್‌ಫರ್ಡನ ಕಣ್ಣಿನ ರೆಪ್ಪೆಯ ಮೇಲೆ ಒಂದು ಕುರು ಎದ್ದಿತು. ಕರಿಯ ಬೆಕ್ಕಿನ ಬಾಲದಿಂದ ಉಜ್ಜಿದರೆ ಅದು ಹೋಗುವುದೆಂದು ಜನರು ಹೇಳುತ್ತಿದ್ದರು. ಮನೆಯಲ್ಲಿಯೇ ಕರಿಯ ಗಂಡುಬೆಕ್ಕೊಂದಿದ್ದಿತು. ಊಟಕ್ಕೆ ಮುಂಚೆ ಅದರ ಬಾಲದಿಂದ ಉಜ್ಜಿಕೊಂಡನು. ಊಟವಾಗುವ ಹೊತ್ತಿಗೆ ಊತವೂ ನೋವೂ ತಗ್ಗಿದುವು. ಈ ಚಿಕಿತ್ಸೆ ಬಹಳ ಗುಣಕಾರಿಯೆಂದು ತೀರ್ಮಾನಿಸಿದನು. ಬೇರೆ ಬೆಕ್ಕಿನ ಬಾಲವಾದರೂ ಇದೇ ಫಲವಾದೀತೇನೋ, ತಾನು ಉಪಯೋಗಿಸಿದುದು ಮಾತ್ರ ತನ್ನ ಕರಿಯ ಬೆಕ್ಕಿನದೆಂದು ನ್ಯಾಯವಾಗಿ ಸೇರಿಸಿದನು. ಕೆಲವೇ ದಿನಗಳಲ್ಲಿ ರೆಪ್ಪೆ ಮತ್ತೆ ಊದಿ ನೋಯತೊಡಗಿತು. ಅದನ್ನೂ ಬರೆದನು.

ಪಾದ್ರಿಯ ಬಳಿಗೆ ಬೆಕ್ಕಿನ ಬಾಲವನ್ನು ಮಾರುವ ವ್ಯಾಪಾರಿಯೊಬ್ಬನು ಅಂದು ಸಾಯಂಕಾಲ ಬಂದಿದ್ದರೆ, ಈತನು ಸಂತೋಷದಿಂದ ಯೋಗ್ಯತಾಪತ್ರವನ್ನು ಬರೆದುಕೊಡುತ್ತಿದ್ದನು. ಅದರಲ್ಲಿ ಒಂದಕ್ಷರವೂ ಸುಳ್ಳಿರುತ್ತಿರಲಿಲ್ಲ. ದಿನಚರಿಯಿಂದ ಒಂದೇ ಒಂದು ಹಾಳೆಯನ್ನು ಹರಿದುಕೊಂಡರೆ ಅದೇ ಯೋಗ್ಯತಾಪತ್ರ. ಸುಳ್ಳು ಇರುವುದು ಬರೆದ ಹಾಳೆಯಲ್ಲಲ್ಲ. ಬಿಟ್ಟುಬಿಟ್ಟ ಮುಂದಿನ ಹಾಳೆಯಲ್ಲಿ. ನೆನಪೂ ಹೀಗೆಯೇ ಕೆಲಸಮಾಡುತ್ತದೆ. ಮನುಷ್ಯನ ನೋವುಗಳಲ್ಲಿ ಬಹುಪಾಲು ಏರಿ, ಇಳಿದು, ತಾವಾಗಿ ಹೋಗತಕ್ಕವು. ನೋವು ಮೇಲಕ್ಕೇರಿದಾಗ ನಾವು ಮದ್ದು ಹುಡುಕುತ್ತೇವೆ. ಅದು ಇಳಿದಾಗ ಕೈಯಲ್ಲಿದ್ದ ಮದ್ದಿಗೆ ಕೀರ್ತಿ ಬರುತ್ತದೆ. ಮತ್ತೆ ಏರಿದುದನ್ನು ಮರೆಯುತ್ತೇವೆ. ಮರೆಯದೆ ಇರುವುದು ದಿನಚರಿಯೊಂದೇ.

ಹಾಗಾದರೆ ದಿನಚರಿಯೊಂದೇ ಸಾಕೇ? ಸಾಲದು. ಪೀಪ್ಸನಂತಹ ಪ್ರಾಮಾಣಿಕನೂ ಮೂರು ಕಾರಣಗಳ ನಡುವೆ ದಾರಿಗಾಣದೆ ನಿಂತುದನ್ನು ಕಂಡೆವು. ಒಬ್ಬನ ದೇಹದಲ್ಲಿ, ಒಂದೇ ಕಾಲದಲ್ಲಿ, ಮೂರು ಉಪಾಯಗಳನ್ನು ಮಾಡಿದರೆ ಯಾವುದರಿಂದ ಫಲವಾಯಿತೆಂದು ಹೇಳಲು ಬ್ರಹ್ಮನಿಂದಲೂ ಆಗದು. ವಿಚಿತ್ರವೆಂದರೆ, ಇದಕ್ಕೆ ಬೇಕಾದ ಸಾಧನ ಅವನ ಕೈಗೇ ಬಂದಿದ್ದಿತು. ಲಂಡನ್ನಿನ ಜಾನ್ ಗ್ರಾಂಟ್ ಎಂಬ ಬಟ್ಟೆವ್ಯಾಪಾರಿ, ಚರ್ಚುಗಳು ವಾರವಾರವೂ ಪ್ರಕಟಿಸುತ್ತಿದ್ದ ಮರಣದ ಪಟ್ಟಿಗಳನ್ನು ಕೂಡಿಸಿ ಲೆಕ್ಕಹಾಕಿ, ೧೬೬೨ರಲ್ಲಿ ಒಂದು ಪುಸ್ತಕವನ್ನು ಬರೆದನು. ಸಾವನ್ನು ಎಣಿಸಿ ವಿಚಾರಮಾಡುವ ಶಾಸ್ತ್ರಕ್ಕೆ ಅದೇ ನಾಂದಿ. ಆ ವರ್ಷದ ಮಾರ್ಚ್ ೨೪ರಂದು ಪೀಪ್ಸನು ಅದನ್ನು ನೋಡಿ ಮೆಚ್ಚಿಕೊಂಡನು. ಪ್ಲೇಗಿನ ಕಾಲದಲ್ಲಿ ಅಂಥ ಪಟ್ಟಿಗಳನ್ನೇ ತನ್ನ ದಿನಚರಿಗೆ ಇಳಿಸಿಕೊಳ್ಳುತ್ತಿದ್ದನು. ೧೬೬೫ರ ಸೆಪ್ಟೆಂಬರಿನ ಒಂದೇ ವಾರದಲ್ಲಿ ಪ್ಲೇಗಿಗೆ ಬಲಿಯಾದವರು ೭,೧೬೫. ಆ ವರ್ಷದಲ್ಲಿ ಲೆಕ್ಕಕ್ಕೆ ಸಿಕ್ಕವರೇ ೬೮,೫೯೬. ಸಾವನ್ನು ಎಣಿಸಬಲ್ಲವರಾದರು, ಮದ್ದನ್ನು ಎಣಿಕೆಗೆ ಒಡ್ಡಬೇಕೆಂದು ಮಾತ್ರ ಹೊಳೆಯಲಿಲ್ಲ.

ಅದು ಹೊಳೆಯಲು ಇನ್ನೂ ಎಂಬತ್ತು ವರ್ಷ ಬೇಕಾಯಿತು. ಪೀಪ್ಸನು ದುಡಿದ ನೌಕಾಪಡೆಯಲ್ಲಿಯೇ ಅದು ಹೊಳೆದುದು ಒಂದು ಯೋಗಾಯೋಗ. ೧೭೪೭ರಲ್ಲಿ ‘ಸಾಲ್ಸ್‌ಬರಿ’ ಎಂಬ ಯುದ್ಧನೌಕೆಯ ವೈದ್ಯನಾದ ಜೇಮ್ಸ್ ಲಿಂಡನು, ಒಸಡು ಕೊಳೆತು ಮೈ ಸೋಲುವ ಸ್ಕರ್ವಿ ರೋಗದಿಂದ ನರಳುತ್ತಿದ್ದ ಹನ್ನೆರಡು ನಾವಿಕರನ್ನು ಆರಿಸಿಕೊಂಡನು. ಎಲ್ಲರಿಗೂ ಒಂದೇ ಸ್ಥಳ, ಒಂದೇ ಬಗೆಯ ಆಹಾರ. ಇಬ್ಬಿಬ್ಬರಿಗೆ ಒಂದೊಂದರಂತೆ ಆರು ಬೇರೆ ಬೇರೆ ಮದ್ದುಗಳು. ಕಿತ್ತಿಳೆ ನಿಂಬೆ ಹಣ್ಣುಗಳನ್ನು ತಿಂದ ಇಬ್ಬರು ವಾರದೊಳಗೆ ಚೇತರಿಸಿಕೊಂಡರು. ಸಮುದ್ರದ ನೀರು, ಗಂಧಕಾಮ್ಲ, ವಿನಿಗರ್ ಮೊದಲಾದುವನ್ನು ಕುಡಿದವರಿಗೆ ಅಂಥ ಗುಣ ಕಾಣಲಿಲ್ಲ. ಆದರೂ ನೌಕಾಖಾತೆ ನಿಂಬೆಯ ರಸವನ್ನು ಎಲ್ಲ ನಾವಿಕರಿಗೂ ಕೊಡತೊಡಗಿದುದು ೧೭೯೫ರಲ್ಲಿ. ನಿಜಕ್ಕೆ ಜಾಹೀರಾತು ಬರೆಯುವವರು ಕಡಮೆ.

ಇನ್ನೊಂದು ಹೆಜ್ಜೆಯನ್ನು ಇಟ್ಟವನು ಜಾನ್ ಹೇಗಾರ್ತ್ ಎಂಬ ವೈದ್ಯ. ಅಮೆರಿಕದ ಎಲೈಷಾ ಪರ್ಕಿನ್ಸ್ ಎಂಬವನು ೧೭೯೬ರಲ್ಲಿ ಎರಡು ಲೋಹದ ಕಡ್ಡಿಗಳಿಗೆ ಪೇಟೆಂಟು ಪಡೆದನು. ಅವನ್ನು ನೋವಿರುವ ಕಡೆ ಸವರಿದರೆ ನೋವು ಹೊರಟುಹೋಗುವುದಂತೆ. ಲಂಡನ್ನಿನಲ್ಲಿ ಒಂದು ಜೊತೆಗೆ ಐದು ಗಿನಿ ಬೆಲೆ. ಗುಣವಾಯಿತೆಂದು ಬರೆದುಕೊಟ್ಟವರಲ್ಲಿ ಪಾದ್ರಿಗಳೂ ಪ್ರೊಫೆಸರುಗಳೂ ಇದ್ದರು. ೧೭೯೯ರಲ್ಲಿ ಬಾತ್ ನಗರದ ಆಸ್ಪತ್ರೆಯಲ್ಲಿ ಹೇಗಾರ್ತನು ಮರದ ಕಡ್ಡಿಗಳನ್ನು ಮಾಡಿಸಿ, ಲೋಹದವುಗಳಂತೆ ಕಾಣುವಂತೆ ಬಣ್ಣ ಹಾಕಿಸಿ, ಐವರು ರೋಗಿಗಳಿಗೆ ಸವರಿಸಿದನು. ನಾಲ್ವರು ನೋವು ತಗ್ಗಿತೆಂದರು. ಮರುದಿನ ನಿಜವಾದ ಲೋಹದ ಕಡ್ಡಿಗಳನ್ನು ಸವರಿಸಿದರೂ ಫಲ ಅಷ್ಟೇ. ಪೀಪ್ಸನು ಗೆಣ್ಣುಳ್ಳ ಮೊಲದ ಕಾಲನ್ನು ಮುಟ್ಟಿ ಬರೆದ ಒಂದು ವಾಕ್ಯವು ನೂರಮೂವತ್ತನಾಲ್ಕು ವರ್ಷಗಳ ಮೇಲೆ ಪರೀಕ್ಷೆಯಿಂದ ಸಿದ್ಧವಾಯಿತು. ಪರ್ಕಿನ್ಸನ ವಿಷಯವಾಗಿ ಇನ್ನೊಂದು ಮಾತನ್ನು ಹೇಳದಿದ್ದರೆ ಅನ್ಯಾಯವಾದೀತು. ಅದೇ ೧೭೯೯ರಲ್ಲಿ ನ್ಯೂಯಾರ್ಕಿನಲ್ಲಿ ಕಾಮಾಲೆಜ್ವರ ಹಬ್ಬಿದಾಗ ಆತನು ತನ್ನದೇ ಆದ ಮದ್ದಿನೊಡನೆ ರೋಗಿಗಳ ಸೇವೆಗೆ ಹೋಗಿ, ಆ ಜ್ವರದಿಂದಲೇ ಸತ್ತನು. ಆತನು ಮೋಸಗಾರನಲ್ಲ, ತನ್ನ ಯೋಗ್ಯತಾಪತ್ರಗಳನ್ನು ತಾನೇ ನಂಬಿದವನು.

ಆದುದರಿಂದ, ಸುಳ್ಳು ವೈದ್ಯನನ್ನು ಗುರುತಿಸುವುದಕ್ಕೆ ಅವನ ಮುಖವನ್ನು ನೋಡಿದರೆ ಸಾಲದು, ಸನ್ನದನ್ನು ನೋಡಿದರೂ ಸಾಲದು, ಅವನ ಮನಸ್ಸಿನ ಶುದ್ಧಿಯನ್ನು ನೋಡಿದರೂ ಸಾಲದು. ಎರಡು ಪ್ರಶ್ನೆಗ��ನ್ನು ಕೇಳಬೇಕು. ಮುಂದಿನ ಹಾಳೆಯಲ್ಲಿ ಏನಿದೆ? ಈ ಮದ್ದನ್ನು ತೆಗೆದುಕೊಳ್ಳದವರ ಹಾಳೆಯಲ್ಲಿ ಏನಿದೆ? ಮೊದಲನೆಯ ಪ್ರಶ್ನೆಯನ್ನು ನಮಗೆ ಕಲಿಸಿದುದು ದಿನಚರಿ. ಎರಡನೆಯದನ್ನು ಕಲಿಸಿದುದು ಎಣಿಕೆ. ನಮ್ಮ ದೇಶದಲ್ಲಿ ೧೯೫೪ರಲ್ಲಿ ಮಾಂತ್ರಿಕ ಚಿಕಿತ್ಸೆಗಳ ಮತ್ತು ಆಕ್ಷೇಪಾರ್ಹ ಔಷಧ ಜಾಹೀರಾತುಗಳ ವಿರುದ್ಧ ಕಾಯಿದೆಯಾಯಿತು. ಗುಣಪಡಿಸುವೆವೆಂದು ಜಾಹೀರಾತು ಮಾಡಕೂಡದ ರೋಗಗಳ ಪಟ್ಟಿ ಅದರಲ್ಲಿದೆ. ಮೂತ್ರಾಶಯದ ಕಲ್ಲೂ ಪ್ಲೇಗೂ ಆ ಪಟ್ಟಿಯಲ್ಲಿ ಸೇರಿವೆ. ಕಾಯಿದೆ ಬಾಯಿಯನ್ನು ಕಟ್ಟಬಲ್ಲುದು, ಆಸೆಯನ್ನು ಕಟ್ಟಲಾರದು.

ಆ ಆಸೆಯನ್ನು ಹಗುರವಾಗಿ ಕಾಣಬಾರದೆಂಬುದಕ್ಕೆ ಇನ್ನೊಂದು ದಿನಚರಿ ಸಾಕ್ಷಿ. ಎಸೆಕ್ಸ್ ಪ್ರಾಂತದ ಅರ್ಲ್ಸ್ ಕೋನ್ ಹಳ್ಳಿಯ ಪಾದ್ರಿಯಾದ ರಾಲ್ಫ್ ಜಾಸ್ಲಿನ್ನನ ಗಂಡುಕೂಸು ೧೬೪೮ರಲ್ಲಿ ಹುಟ್ಟಿ ಹತ್ತೇ ದಿನಗಳಲ್ಲಿ ಸತ್ತಿತು. ತನ್ನ ಯಾವ ಪಾಪಕ್ಕೆ ಈ ಶಿಕ್ಷೆಯೆಂದು ತಂದೆ ದಿನಚರಿಯಲ್ಲಿ ಹುಡುಕಿದನು. ಹೊತ್ತಲ್ಲದ ಹೊತ್ತಿನಲ್ಲಿ ಚದುರಂಗವಾಡಿದುದನ್ನೂ ಆ ಪಟ್ಟಿಯಲ್ಲಿ ಸೇರಿಸಿದನು. ಕಾರಣವಿಲ್ಲದ ದುಃಖವನ್ನು ಮನುಷ್ಯನು ತಾಳಲಾರನು. ಕಾರಣ ಸಿಕ್ಕದಿದ್ದರೆ ಚದುರಂಗವನ್ನಾದರೂ ಹಿಡಿದುಕೊಳ್ಳುತ್ತಾನೆ, ಮೊಲದ ಕಾಲನ್ನಾದರೂ ಹಿಡಿದುಕೊಳ್ಳುತ್ತಾನೆ. ಅಳಲೆಕಾಯಿ ಪಂಡಿತನ ಅಂಗಡಿ ತೆರೆಯುವುದು ಈ ದುಃಖದ ಬಾಗಿಲಲ್ಲಿ. ಅಂಗಡಿಯನ್ನು ಮುಚ್ಚಿಸುವವನು ಬಾಗಿಲಲ್ಲಿ ನಿಂತವರನ್ನು ಕನಿಕರದಿಂದ ಕಾಣಬೇಕು.

ಪೀಪ್ಸನು, ಕಣ್ಣು ಹೋಗುವುದೆಂಬ ಭಯದಿಂದ, ೧೬೬೯ರಲ್ಲಿ ತನ್ನ ದಿನಚರಿಯನ್ನು ನಿಲ್ಲಿಸಿದನು. ಕಣ್ಣು ಹೋಗಲಿಲ್ಲ, ಇನ್ನೂ ಮೂವತ್ತನಾಲ್ಕು ವರ್ಷ ಬದುಕಿದನು. ೧೭೦೩ರಲ್ಲಿ ಆತನು ಸತ್ತಾಗ ವೈದ್ಯರು ದೇಹವನ್ನು ತೆರೆದು ನೋಡಿದರು. ಎಡದ ಮೂತ್ರಪಿಂಡದಲ್ಲಿ ಏಳು ಕಲ್ಲುಗಳಿದ್ದುವು.